63 ಅಂಕಕ್ಕೆ ಚಾಂಪಿಯನ್: ಪೋಲೆಂಡ್ ಲೀಗ್‌ನ 2023–24 ಸಪ್ಪೆ ಸೀಸನ್ನಾ, ಸೊಗಸಾದ ಸೀಸನ್ನಾ?

ಕಿಕ್‌ಆಫ್_ಹುಬ್ಬಳ್ಳಿ

ಇನ್ನೊಂದು ಚರ್ಚೆಯಲ್ಲಿ ಯಾರೋ ಕೇಳಿದ್ದರು, "63 ಅಂಕಕ್ಕೆ ಚಾಂಪಿಯನ್ ಆಗೋ ಲೀಗನ್ನ ಯಾರು ನೋಡ್ತಾರೆ?" ಅಂತ. ಪೋಲೆಂಡಿನ ಫುಟ್‌ಬಾಲ್‌ನ ಅತಿ ಮೇಲಿನ ಲೀಗ್ ಎಕ್ಸ್‌ಟ್ರಾಕ್ಲಾಸಾದ 2023–24ರ ಸೀಸನ್ ಬಗ್ಗೆ ಆ ಮಾತು. ಅಲ್ಲೇ ಉತ್ತರ ಬರೆದರೆ ಅವರ ವಿಷಯ ಹಾಳಾಗುತ್ತದೆ. ಅದಕ್ಕೇ ಇಲ್ಲಿ ಬೇರೆ ಶುರು ಮಾಡಿದ್ದೇನೆ.

ಲೀಗ್ ಗೊತ್ತಿಲ್ಲದವರಿಗೆ ನಾಲ್ಕು ಮಾತು. 18 ತಂಡ, 34 ಸುತ್ತು, ಕೊನೆಯ ಮೂರು ತಂಡ ನೇರವಾಗಿ ಕೆಳಗಿನ ಲೀಗ್‌ಗೆ. 2023ರ ಜುಲೈನಲ್ಲಿ ಶುರುವಾಗಿ 2024ರ ಮೇ 25ಕ್ಕೆ ಮುಗಿಯಿತು. ಗೆದ್ದದ್ದು ಬಿಯಾವಿಸ್ತೋಕ್ ಊರಿನ ಯಾಗ್ಯೆಲೋನಿಯಾ. ಅಭಿಮಾನಿಗಳ ಬಾಯಲ್ಲಿ ಬರೀ ಯಾಗಾ. ಪೋಲೆಂಡಿನ ಪೂರ್ವದ ತುದಿ, ಬೆಲಾರುಸ್ ಗಡಿಗೆ ಹತ್ತಿರದ ಊರು. ಆ ಕ್ಲಬ್‌ಗೆ ಅದು ಮೊಟ್ಟಮೊದಲ ಲೀಗ್ ಪಟ್ಟ. ಎರಡನೇ ಸ್ಥಾನ ವ್ರೋತ್ಸ್ವಾಫ್‌ನ ಶ್ಲೋಂಸ್ಕ್ ತಂಡಕ್ಕೆ. ಇಬ್ಬರಿಗೂ ಸರಿಯಾಗಿ 63 ಅಂಕ. ಅಂಕ ಸಮ ಆದರೆ ಅಲ್ಲಿ ಮೊದಲು ನೋಡುವುದು ಆ ಎರಡು ತಂಡಗಳ ನಡುವಿನ ಪಂದ್ಯಗಳನ್ನು. ಅದರಲ್ಲಿ ಯಾಗಾ ಮೇಲುಗೈ.

ಈಗ ನನ್ನ ವಾದ. ಹಿಂದಿನ ವರ್ಷ, ಅಂದರೆ 2022–23ರಲ್ಲಿ, ಯಾಗಾ 14ನೇ ಸ್ಥಾನದಲ್ಲಿತ್ತು. ಶ್ಲೋಂಸ್ಕ್ 15ನೇ ಸ್ಥಾನದಲ್ಲಿ. 16ಕ್ಕೆ ಇಳಿದಿದ್ದರೆ ಲೀಗ್‌ನಿಂದಲೇ ಹೊರಗೆ. ಅಂಥ ಎರಡು ತಂಡ ಒಂದೇ ವರ್ಷದಲ್ಲಿ ಮೇಲೆ ಬಂದು ಪಟ್ಟಕ್ಕೆ ಗುದ್ದಾಡುತ್ತವೆ ಅಂದರೆ ಅದಕ್ಕೊಂದು ಕಾರಣ ಇರಲೇಬೇಕು. ನನ್ನ ಪ್ರಕಾರ ಅದು ಗುರುವಾರ. ಯುರೋಪಿನ ಬೇರೆ ಬೇರೆ ದೇಶಗಳ ಕ್ಲಬ್‌ಗಳು ಸೇರಿ ಆಡುವ ಯುರೋಪಾ ಲೀಗ್, ಕಾನ್ಫರೆನ್ಸ್ ಲೀಗ್ ಪಂದ್ಯ ನಡೆಯುವುದು ಗುರುವಾರ ರಾತ್ರಿ. ಆವತ್ತು ಮನೆಯಲ್ಲಿ ಕೂತಿರುವ ತಂಡ ಭಾನುವಾರ ಲೀಗ್‌ನಲ್ಲಿ ಗೆಲ್ಲುತ್ತದೆ. ಪೋಲೆಂಡ್‌ನಲ್ಲಿ ಅಷ್ಟೇ ಲೆಕ್ಕ.

ಹಾಗಂತ ಲೀಗ್ ಸಪ್ಪೆ ಅನ್ನುವುದನ್ನು ನಾನು ಒಪ್ಪುವುದಿಲ್ಲ. ನಿಮ್ಮ ಅಭಿಪ್ರಾಯ ಹಾಕಿ.


ಅಂಕಿಸಂಕಿ

ಸುಮ್ನೆ ಅಂಕಿ ಮುಂದಿಡುತ್ತೇನೆ, ಆಮೇಲೆ ಜಗಳ ಆಡೋಣ.

2021–22ರಲ್ಲಿ ಲೆಖ್ ಪೋಜ್ನಾನ್ 74 ಅಂಕಕ್ಕೆ ಗೆದ್ದಿತು. 2022–23ರಲ್ಲಿ ರಾಕುಫ್ 75ಕ್ಕೆ. ಅದೇ 2022–23ರ ಪಟ್ಟಿಯಲ್ಲಿ 63 ಅಂಕ ಇಟ್ಟು ನೋಡಿದರೆ ಸಿಗುವುದು ಮೂರನೇ ಸ್ಥಾನ. ವಾರ್ಸಾದ ಲೆಗಿಯಾ 66 ಅಂಕ ಮಾಡಿಯೂ ಎರಡನೆಯದಾಗಿತ್ತು. ಹಾಗಾಗಿ 63 ಕಡಿಮೆಯೇ. ಅದನ್ನು ಮುಚ್ಚಿಡುವುದು ಬೇಡ.

ಆದರೆ 2023–24ರ ಮೇಲಿನ ಏಳು ತಂಡ ನೋಡಿ: 63, 63, 59, 55, 53, 53, 52. ಮೊದಲಿಗೂ ಏಳಕ್ಕೂ ನಡುವೆ 11 ಅಂಕ. ಆ ಏಳನೆಯದು ಯಾರು ಗೊತ್ತಾ? ಹಿಂದಿನ ವರ್ಷದ ಚಾಂಪಿಯನ್ ರಾಕುಫ್.


ವ್ರೋತ್ಸ್ವಾಫ್_ಕನ್ನಡಿಗ

ನಾನು ಇರುವುದು ವ್ರೋತ್ಸ್ವಾಫ್‌ನಲ್ಲಿ, ಶ್ಲೋಂಸ್ಕ್ ಪಾರ್ಟಿ. ಆದ್ದರಿಂದ ಈ ವಿಷಯದಲ್ಲಿ ನನ್ನಿಂದ ನ್ಯಾಯ ನಿರೀಕ್ಷಿಸಬೇಡಿ.

ಗುರುವಾರದ ಕಥೆ ಪೂರ್ತಿ ಒಪ್ಪಲ್ಲ ಗುರು. ಗುರುವಾರ ಮನೆಯಲ್ಲಿ ಕೂತಿದ್ದ ತಂಡ ಎಷ್ಟೋ ಇದ್ದವು. ಕೊರೋನಾ ಕ್ಯೆಲ್ತ್ಸೆ ಕೂತಿತ್ತು, ಕ್ರಾಕೋವಿಯಾ ಕೂತಿತ್ತು, ರಾದೋಮ್ಯಾಕ್ ಕೂತಿತ್ತು. ಅವರೆಲ್ಲ 13, 14, 15. ಮನೆಯಲ್ಲಿ ಕೂತರೆ ಸಾಲದು, ಆಡೋಕೂ ಬರಬೇಕು.

ನಮ್ಮ ತಂಡದಲ್ಲಿ ಆಗಿದ್ದು ಎರಡು ಬದಲಾವಣೆ. 2023ರ ವಸಂತದಲ್ಲಿ ಯಾತ್ಸೆಕ್ ಮಾಗ್ಯೆರಾ ಕೋಚ್ ಆಗಿ ಮರಳಿ ಬಂದರು, ಹೇಗೋ ತಂಡವನ್ನು ಉಳಿಸಿಕೊಂಡರು. ಆಮೇಲೆ ಡಿಫೆನ್ಸ್ ಬಿಗಿ ಮಾಡಿದರು. ಇಡೀ ಸೀಸನ್‌ಗೆ ಬಿಟ್ಟುಕೊಟ್ಟದ್ದು 31 ಗೋಲು. ಲೀಗ್‌ನಲ್ಲಿ ಅಷ್ಟು ಕಡಿಮೆ ಬೇರೆ ಯಾರೂ ಬಿಟ್ಟಿಲ್ಲ. ಇನ್ನೊಂದು ಎರಿಕ್ ಎಕ್ಸ್‌ಪೋಸಿತೊ. ಸ್ಪೇನ್‌ನ ತೆನೆರಿಫೆ ದ್ವೀಪದವನು, ಎತ್ತರದ ಆಳು, ಕಾಲಲ್ಲಿ ಮಾತ್ರ ಬಹಳ ನಯ. 19 ಗೋಲು ಹೊಡೆದು ಲೀಗ್‌ನ ಟಾಪ್ ಸ್ಕೋರರ್ ಆದ.

ಆ ಅಕ್ಟೋಬರ್‌ನಲ್ಲಿ ಲೆಗಿಯಾ ಇಲ್ಲಿಗೆ ಬಂದು 4–0ಯಲ್ಲಿ ಸೋತು ಹೋಯಿತು. ನಮ್ಮ ಮೈದಾನ 2012ರ ಯೂರೋಗೆ ಅಂತ ಕಟ್ಟಿದ್ದು, 40 ಸಾವಿರಕ್ಕೂ ಜಾಸ್ತಿ ಜನ ಹಿಡಿಯುತ್ತದೆ. ವರ್ಷಗಟ್ಟಲೆ ಅರ್ಧ ಖಾಲಿ ಇರುತ್ತಿತ್ತು. ಆವತ್ತು ಸೀಟು ಹುಡುಕುವ ಹಾಗಾಗಿತ್ತು. ವಾರ್ಸಾದವರಿಗೆ ನಾಲ್ಕು ಹೊಡೆಯುವುದು ಅಂದರೆ ಇಲ್ಲಿಯವರಿಗೆ ಹಬ್ಬ. ಕಾರಣ ಕೇಳಬೇಡಿ, ಪೋಲೆಂಡ್‌ನಲ್ಲಿ ವಾರ್ಸಾ ಬಿಟ್ಟು ಎಲ್ಲಾ ಊರಿನವರಿಗೂ ಹಾಗೇ.


ವಾರ್ಸಾ_ವಿನುತಾ

4–0 ನೆನಪು ಮಾಡಿದ್ದಕ್ಕೆ ಧನ್ಯವಾದ, ಇವತ್ತಿನ ದಿನ ಹಾಳು 🙂

ಆದರೆ ಅದೇ ಶರತ್ಕಾಲದಲ್ಲಿ, ಸೆಪ್ಟೆಂಬರ್ 21ಕ್ಕೆ, ಇದೇ ಲೆಗಿಯಾ ಆಸ್ಟನ್ ವಿಲ್ಲಾ ತಂಡವನ್ನು 3–2ರಲ್ಲಿ ಸೋಲಿಸಿತು. ಆ ವರ್ಷ ವಿಲ್ಲಾ ಇಂಗ್ಲೆಂಡ್‌ನಲ್ಲಿ ನಾಲ್ಕನೇ ಸ್ಥಾನ ಪಡೆದು ಚಾಂಪಿಯನ್ಸ್ ಲೀಗ್‌ಗೆ ಹೋದ ತಂಡ. ಅಂಥವರನ್ನು ಹೊಡೆದ ಆಟಗಾರರೇ ಮನೆಯ ಲೀಗ್‌ನಲ್ಲಿ ಸಣ್ಣ ತಂಡಗಳ ಮುಂದೆ ಕಾಲೆಳೆದುಕೊಂಡು ಓಡುತ್ತಿದ್ದರು. ಹಾಗಾಗಿ ಹುಬ್ಬಳ್ಳಿಯವರ ಮಾತು ಅರ್ಧ ನಿಜ. ಏಪ್ರಿಲ್‌ನಲ್ಲಿ ಕೋಸ್ತಾ ರುನ್ಯಾಯಿಚ್ ಅವರನ್ನು ತೆಗೆದು ಗೊನ್ಸಾಲೊ ಫೆಯೊ ಅವರನ್ನು ತಂದರು. ಕೊನೆಗೆ 59 ಅಂಕ, ಮೂರನೇ ಸ್ಥಾನ.

ನನ್ನ ಬೇಜಾರು ಇಷ್ಟೇ. 63 ಅಂಕ ಸಾಕಾಗಿದ್ದ ವರ್ಷ ಅದು. ಅಂಥ ವರ್ಷವೂ ಗೆಲ್ಲಲಿಲ್ಲವಲ್ಲ!


ಹೊಸಬ_ಮಂಡ್ಯ

ತಿಳಿಯದೆ ಕೇಳ್ತಿದ್ದೇನೆ. ಯುರೋಪ್ ಪಂದ್ಯ ಆಡೋ ತಂಡ ಇಂಗ್ಲೆಂಡ್, ಸ್ಪೇನ್‌ನಲ್ಲೂ ಇವೆ. ಅವರು ಗುರುವಾರ ಆಡಿ ಭಾನುವಾರವೂ ಗೆಲ್ತಾರಲ್ಲ? ಪೋಲೆಂಡ್‌ನವರಿಗೆ ಮಾತ್ರ ಏಕೆ ಕಷ್ಟ?


ಕಿಕ್‌ಆಫ್_ಹುಬ್ಬಳ್ಳಿ

ಒಳ್ಳೇ ಪ್ರಶ್ನೆ ಸರ್. ಮೊದಲನೆಯದು ತಂಡದ ಆಳ. ದೊಡ್ಡ ಲೀಗ್‌ಗಳಲ್ಲಿ ಬೆಂಚಿನ ಮೇಲೆ ಕೂರುವವನೂ ಅಂತರರಾಷ್ಟ್ರೀಯ ಆಟಗಾರ. ಇಲ್ಲಿ ಮೊದಲ ಹನ್ನೊಂದು ಚೆನ್ನಾಗಿರುತ್ತದೆ, ಹದಿನೈದನೆಯವನಿಗೆ ಬರುವಷ್ಟರಲ್ಲಿ ಜಾರುತ್ತದೆ.

ಎರಡನೆಯದು ಕ್ಯಾಲೆಂಡರ್. ಪೋಲೆಂಡಿನ ತಂಡಗಳು ಜುಲೈನಲ್ಲೇ ಅರ್ಹತಾ ಸುತ್ತು ಆಡಲು ಶುರು ಮಾಡಬೇಕು. ಆ ಹೊತ್ತಿಗೆ ಇಂಗ್ಲೆಂಡಿನ ಆಟಗಾರರು ಇನ್ನೂ ರಜೆ ಮುಗಿಸಿರುವುದಿಲ್ಲ. ಅರ್ಹತಾ ಸುತ್ತಿಗಾಗಿ ಲೀಗ್ ಪಂದ್ಯ ಮುಂದೂಡಿಸಿಕೊಳ್ಳುತ್ತಾರೆ. ಆ ಪಂದ್ಯಗಳು ಎಲ್ಲಿಗೆ ಹೋಗುತ್ತವೆ? ಶರತ್ಕಾಲದಲ್ಲಿ ಮತ್ತೆ ತಲೆಯ ಮೇಲೆ ಬೀಳುತ್ತವೆ, ಅದೂ ವಾರದ ಮಧ್ಯೆ. ಡಿಸೆಂಬರ್ ಬರುವಷ್ಟರಲ್ಲಿ ಕಾಲು ಸತ್ತಿರುತ್ತದೆ.

ರಾಕುಫ್ ಕಥೆಯನ್ನೇ ನೋಡಿ. 2023ರಲ್ಲಿ ಚಾಂಪಿಯನ್ ಮಾಡಿಸಿದ ಮಾರೆಕ್ ಪಾಪ್ಶುನ್ ಕ್ಲಬ್ ಬಿಟ್ಟರು. ಅವರ ಸಹಾಯಕ ದಾವಿದ್ ಶ್ವಾರ್ಗಾ ಕೋಚ್ ಆದರು, ವಯಸ್ಸು ಮೂವತ್ತರ ಆಚೀಚೆ. ಚಾಂಪಿಯನ್ಸ್ ಲೀಗ್‌ನ ಪ್ಲೇಆಫ್‌ವರೆಗೂ ಹೋಗಿ ಕೋಪನ್‌ಹೇಗನ್‌ಗೆ ಸೋತರು. ಆಮೇಲೆ ಯುರೋಪಾ ಲೀಗ್ ಗುಂಪಿನಲ್ಲಿ ಅಟಲಾಂಟಾ, ಸ್ಪೋರ್ಟಿಂಗ್, ಸ್ಟುರ್ಮ್ ಗ್ರಾಜ್. ಚೆನ್‌ಸ್ತೊಹೋವಾದಲ್ಲಿರುವ ಅವರ ಮೈದಾನ ತೀರಾ ಚಿಕ್ಕದು, ಯುರೋಪ್ ಗುಂಪಿನ ಪಂದ್ಯಕ್ಕೆ ನಡೆಯುವುದಿಲ್ಲ. "ಮನೆ" ಪಂದ್ಯವನ್ನೂ ಸೊಸ್ನೊವ್ಯೆತ್ಸ್‌ಗೆ ಹೋಗಿ ಆಡಿದರು. ಅಷ್ಟೆಲ್ಲ ಸುತ್ತಾಡಿ ಬಂದವರು ಏಳನೇ ಸ್ಥಾನಕ್ಕೆ ಇಳಿದರೆ ಆಶ್ಚರ್ಯ ಏನು?


ಕೆಜಿಎಫ್_ಫಾರ್ವರ್ಡ್

ಕೆಜಿಎಫ್ ಕಡೆಯ ಹಳಬ ನಾನು, ಸ್ವಲ್ಪ ಅಡ್ಡ ಮಾತು ಆಡುತ್ತೇನೆ. ಹುಬ್ಬಳ್ಳಿ ತಮ್ಮ, ನಿನ್ನ ಗುರುವಾರದ ಲೆಕ್ಕಕ್ಕೆ 2016–17ರಲ್ಲಿ ಏನು ಹೇಳುತ್ತೀಯ? ಲೆಗಿಯಾ ಆ ವರ್ಷ ಚಾಂಪಿಯನ್ಸ್ ಲೀಗ್ ಗುಂಪಿನಲ್ಲಿ ಆಡಿತು. ರಿಯಲ್ ಮ್ಯಾಡ್ರಿಡ್ ಜೊತೆ ವಾರ್ಸಾದಲ್ಲಿ 3–3, ಅದೂ ಪ್ರೇಕ್ಷಕರೇ ಇಲ್ಲದ ಮೈದಾನದಲ್ಲಿ. ಆಮೇಲೆ ಯುರೋಪಾ ಲೀಗ್‌ಗೆ ಇಳಿದು ಅಯಾಕ್ಸ್ ಜೊತೆಯೂ ಆಡಿತು. ಅಷ್ಟಾದರೂ ಮನೆಯ ಲೀಗ್ ಗೆದ್ದಿತು. ಎರಡನೇ ಸ್ಥಾನ ಯಾರಿಗೆ? ಇದೇ ಯಾಗಾಗೆ.

ಯಾಗಾ ಅದರ ಮುಂದಿನ ವರ್ಷವೂ ಎರಡನೆಯದೇ. ಸತತ ಎರಡು ಸಲ ಬಾಗಿಲವರೆಗೆ ಹೋಗಿ ವಾಪಸ್. ಹಾಗಾಗಿ 2024 ಅವರಿಗೆ ಆಕಾಶದಿಂದ ಉದುರಿದ್ದಲ್ಲ.


ಅಂಕಿಸಂಕಿ

ಕೆಜಿಎಫ್ ಸರ್ ಹೇಳಿದ್ದು ಸರಿ. ಆದರೆ ಒಂದು ವಿಷಯ ಸೇರಿಸಬೇಕು. 2016–17ರಲ್ಲಿ 30 ಸುತ್ತು ಆದ ಮೇಲೆ ಎಲ್ಲರ ಅಂಕವನ್ನೂ ಅರ್ಧ ಮಾಡುತ್ತಿದ್ದರು. ಆಮೇಲೆ ಮೇಲಿನ ಎಂಟು, ಕೆಳಗಿನ ಎಂಟು ಅಂತ ಬೇರೆ ಮಾಡಿ ಇನ್ನೂ ಏಳು ಪಂದ್ಯ. ಶರತ್ಕಾಲದಲ್ಲಿ ಕಳೆದುಕೊಂಡದ್ದರ ಅರ್ಧ ಭಾರ ಇಳಿದುಹೋಗುತ್ತಿತ್ತು. ಯುರೋಪ್ ಆಡುವ ತಂಡಕ್ಕೆ ಅದಕ್ಕಿಂತ ದೊಡ್ಡ ಉಡುಗೊರೆ ಬೇಕಾ? ಆ ನಿಯಮ ಈಗಿಲ್ಲ.

ಅದು ಹೋದ ಮೇಲಿನ ಕೆಲವು ವರ್ಷ:

2020–21: ಲೆಖ್ ಯುರೋಪಾ ಲೀಗ್ ಗುಂಪಿನಲ್ಲಿ. ಮನೆಯ ಲೀಗ್‌ನಲ್ಲಿ 11ನೇ ಸ್ಥಾನ.
2021–22: ಚಾಂಪಿಯನ್ ಆಗಿದ್ದ ಲೆಗಿಯಾ ಯುರೋಪಾ ಲೀಗ್ ಗುಂಪಿನಲ್ಲಿ, ಲೆಸ್ಟರ್ ತಂಡವನ್ನೂ ಸೋಲಿಸಿತು. ಮನೆಯಲ್ಲಿ 10ನೇ ಸ್ಥಾನ. ಚಳಿಗಾಲದಲ್ಲಂತೂ ಕೆಳಗಿಳಿಯುವ ಜಾಗದಲ್ಲಿತ್ತು. ಗೆದ್ದದ್ದು ಯಾರು? ಆ ವರ್ಷ ಯುರೋಪ್ ಇಲ್ಲದ ಲೆಖ್.
2023–24: ರಾಕುಫ್ ಏಳು, ಗೆದ್ದದ್ದು ಯುರೋಪ್ ಇಲ್ಲದ ಯಾಗಾ.
2024–25: ಲೆಖ್ 70 ಅಂಕಕ್ಕೆ ಚಾಂಪಿಯನ್, ರಾಕುಫ್ 69ಕ್ಕೆ ಎರಡನೆಯದು. ಎರಡಕ್ಕೂ ಆ ವರ್ಷ ಯುರೋಪ್ ಇರಲಿಲ್ಲ.

ಹುಬ್ಬಳ್ಳಿಯವರ ವಾದಕ್ಕೆ ಇಷ್ಟು ಪುರಾವೆ ಸಿಗುತ್ತದೆ ಅಂತ ಅವರಿಗೂ ಗೊತ್ತಿತ್ತೋ ಇಲ್ಲವೋ.


ವ್ರೋತ್ಸ್ವಾಫ್_ಕನ್ನಡಿಗ

ಎಲ್ಲರೂ ಲೆಗಿಯಾ, ರಾಕುಫ್ ಏಕೆ ಸೋತವು ಅಂತಲೇ ಬರೆಯುತ್ತಿದ್ದೀರಿ. ಯಾಗಾ ಏಕೆ ಗೆದ್ದಿತು ಅಂತ ಯಾರೂ ಹೇಳುತ್ತಿಲ್ಲ. ನಮ್ಮ ಪಟ್ಟ ಕಿತ್ತುಕೊಂಡವರನ್ನು ನಾನೇ ಹೊಗಳಬೇಕಾ?


ಕಡಲತಡಿ

ಆ ಕೆಲಸ ನಾನು ಮಾಡುತ್ತೇನೆ ಮಾರಾಯ್ರೆ. ಆ ಸೀಸನ್‌ನಲ್ಲಿ ಯಾಗಾದ ಪಂದ್ಯ ಬಿಡದೆ ನೋಡಿದ್ದೇನೆ. ಮೊದಲು ಜೆರ್ಸಿ ನೋಡಿಯೇ ಬಿದ್ದದ್ದು. ಹಳದಿ-ಕೆಂಪು! ನವೆಂಬರ್ ಒಂದಕ್ಕೆ ಹಾಕಿಕೊಂಡು ಮೆರವಣಿಗೆಗೆ ಹೋದರೆ ಯಾರಿಗೂ ಗೊತ್ತೇ ಆಗುವುದಿಲ್ಲ.

ಕೋಚ್ ಆದ್ರಿಯಾನ್ ಶೆಮ್ಯೆನ್ಯೆತ್ಸ್. ಪಟ್ಟ ಗೆದ್ದಾಗ ವಯಸ್ಸು 32. ದೊಡ್ಡ ಆಟಗಾರ ಆಗಿದ್ದವರಲ್ಲ. ಕ್ಲಬ್‌ನ ಎರಡನೇ ತಂಡದ ಕೋಚ್ ಆಗಿದ್ದವರನ್ನು 2023ರ ಏಪ್ರಿಲ್‌ನಲ್ಲಿ, ತಂಡ ಮುಳುಗುವ ಹಾಗಿದ್ದಾಗ, ಮೇಲೆ ತಂದರು. ಬೇರೆ ಯಾರೇ ಆಗಿದ್ದರೂ ಮೊದಲು ಡಿಫೆನ್ಸ್ ಗಟ್ಟಿ ಮಾಡುತ್ತಿದ್ದರು. ಇವರು ಗೋಲ್‌ಕೀಪರ್ ಅಲೊಮೆರೊವಿಚ್ ಕಾಲಿನಿಂದಲೇ ಸಣ್ಣ ಪಾಸ್ ಶುರು ಮಾಡಿಸಿದರು. ಎದುರಾಳಿ ಮೈಮೇಲೆ ಬಂದರೂ ಚೆಂಡನ್ನು ಎತ್ತಿ ಒದೆಯುವುದಿಲ್ಲ. ಒಮ್ಮೊಮ್ಮೆ ನೋಡುವವರ ಎದೆ ಬಾಯಿಗೆ ಬರುತ್ತಿತ್ತು. ಪರಿಣಾಮ? 34 ಪಂದ್ಯದಲ್ಲಿ 77 ಗೋಲು. ಎರಡನೇ ಸ್ಥಾನದ ಶ್ಲೋಂಸ್ಕ್ ಹೊಡೆದದ್ದು 50. ಚಾಂಪಿಯನ್‌ಗೂ ರನ್ನರ್ ಅಪ್‌ಗೂ 27 ಗೋಲಿನ ಅಂತರ, ಅಂಕ ಮಾತ್ರ ಸಮ! ಇಂಥದ್ದು ಎಲ್ಲಾದರೂ ಉಂಟಾ?

ಆಟಗಾರರನ್ನು ನೋಡಿ. ಹಣ ಸುರಿದು ತಂದವರಲ್ಲ. ಆಫಿಮಿಕೊ ಪುಲುಲು ಜರ್ಮನಿಯ ಗ್ರಾಯ್ಟರ್ ಫ್ಯುರ್ಟ್‌ನಿಂದ ಬಂದವನು, ಅಲ್ಲಿ ಅವನನ್ನು ಯಾರೂ ದೊಡ್ಡದಾಗಿ ನೋಡಿರಲಿಲ್ಲ. ಬಲ ಅಂಚಿನ ದೊಮಿನಿಕ್ ಮಾರ್ಚುಕ್ ಕೆಳಗಿನ ಲೀಗ್‌ನ ಸ್ತಾಲ್ ಜೆಶುಫ್‌ನಿಂದ. ಕ್ರಿಸ್ಟೊಫರ್ ಹಾನ್ಸೆನ್ ವಿಜೆಫ್‌ನಿಂದ. ಇವರನ್ನೆಲ್ಲ ಹುಡುಕಿ ತಂದದ್ದು ಸ್ಪೋರ್ಟಿಂಗ್ ಡೈರೆಕ್ಟರ್ ವುಕಾಶ್ ಮಾಸ್ವೊಫ್ಸ್ಕಿ. ಅವರ ಜೊತೆ ಹಳಬರು: ಸ್ಪೇನ್‌ನ ಹೆಸುಸ್ ಇಮಾಸ್, ಮತ್ತೆ ಕ್ಯಾಪ್ಟನ್ ತಾರಾಸ್ ರೊಮಾಂಚುಕ್. ರೊಮಾಂಚುಕ್ ಹುಟ್ಟಿದ್ದು ಉಕ್ರೇನ್‌ನಲ್ಲಿ, 2014ರಿಂದ ಯಾಗಾದಲ್ಲಿ, ಆಡಿದ್ದು ಪೋಲೆಂಡ್ ರಾಷ್ಟ್ರೀಯ ತಂಡಕ್ಕೆ. 2016–17ರ ಆ ಎರಡನೇ ಸ್ಥಾನದ ತಂಡದಲ್ಲೂ ಇದ್ದ. ಪಟ್ಟ ಎತ್ತಿದಾಗ ಅವನ ಮುಖ ನೋಡಬೇಕಿತ್ತು.

ಎಡ ಬ್ಯಾಕ್ ವ್ದೋವಿಕ್ ಬಗ್ಗೆ ಹೇಳದಿದ್ದರೆ ಪಾಪ ಸುತ್ತಿಕೊಳ್ಳುತ್ತದೆ. ಫ್ರೀಕಿಕ್ ಸಿಕ್ಕಿತು ಅಂದರೆ ಎದುರಾಳಿಯ ಗೋಡೆ ಎಲ್ಲಿ ನಿಂತಿದೆ ಅಂತ ನೋಡುವ ಅಗತ್ಯವೇ ಅವನಿಗಿಲ್ಲ. ಆ ಸೀಸನ್ ಮುಗಿದದ್ದೇ ಪೋರ್ಚುಗಲ್‌ನ ಬ್ರಾಗಾ ಅವನನ್ನು ಎತ್ತಿಕೊಂಡು ಹೋಯಿತು. ಮಾರ್ಚುಕ್ ಅಮೆರಿಕಕ್ಕೆ ಹೋದ.


ಹೊಸಬ_ಮಂಡ್ಯ

ಓದ್ತಾ ಓದ್ತಾ ಆಸಕ್ತಿ ಬಂತು. ಕೊನೆಯ ದಿನ ಹೇಗಿತ್ತು? ಅಂಕ ಸಮ ಅಂದರೆ ಭಾರೀ ಬಿಗುವಾಗಿ ಇರಬೇಕಲ್ಲ?


ವ್ರೋತ್ಸ್ವಾಫ್_ಕನ್ನಡಿಗ

ಕೊನೆಯ ದಿನಕ್ಕೆ ಮುಂಚೆಯೂ ಸಮವೇ ಸರ್. ಇಬ್ಬರಿಗೂ 60. ಯಾಗಾ ಗೆದ್ದರೆ ಮುಗಿಯಿತು, ನಾವು ಎಷ್ಟು ಹೊಡೆದರೂ ಪ್ರಯೋಜನ ಇಲ್ಲ. ಯಾಗಾ ಎಡವಬೇಕು, ನಾವು ಗೆಲ್ಲಬೇಕು. ನಾವು ರಾಕುಫ್ ಮನೆಗೇ ಹೋಗಿ 2–1ರಲ್ಲಿ ಗೆದ್ದೆವು. ನಮ್ಮ ಕೆಲಸ ನಾವು ಮಾಡಿದೆವು. ಅಲ್ಲಿ ಯಾಗಾ ಮನೆಯಲ್ಲಿ ವಾರ್ತಾ ಪೋಜ್ನಾನ್ ತಂಡವನ್ನು 3–0ಯಲ್ಲಿ ಹೊಡೆಯಿತು.

ನಿಜ ಹೇಳಬೇಕೆಂದರೆ ನಾವು ಪಟ್ಟ ಕಳೆದುಕೊಂಡದ್ದು ಮೇ ತಿಂಗಳಲ್ಲಲ್ಲ, ಫೆಬ್ರವರಿಯಲ್ಲಿ. ಶರತ್ಕಾಲ ಮುಗಿದಾಗ ನಾವು ಮೊದಲ ಸ್ಥಾನದಲ್ಲಿದ್ದೆವು. ಆ ವರ್ಷ ಡಿಸೆಂಬರ್ ಮೂರನೇ ವಾರದಿಂದ ಫೆಬ್ರವರಿ ಎರಡನೇ ವಾರದವರೆಗೆ ಇಲ್ಲಿ ಚಳಿಗಾಲದ ಬಿಡುವು ಇತ್ತು. ತಂಡಗಳು ಟರ್ಕಿ, ಸ್ಪೇನ್ ಕಡೆ ಹೋಗಿ ಅಭ್ಯಾಸ ಮಾಡಿಕೊಂಡು ಬರುತ್ತವೆ. ವಾಪಸ್ ಬಂದಾಗ ನಮ್ಮವರಿಗೆ ಗೋಲು ಹೊಡೆಯುವುದೇ ಮರೆತುಹೋಗಿತ್ತು. ಎಕ್ಸ್‌ಪೋಸಿತೊಗೆ ಇಬ್ಬರು ಮೂವರು ಕಾವಲು. ಬೇರೆ ಯಾರಾದರೂ ಹೊಡೆಯಬೇಕಲ್ಲ? ಇಲ್ಲ.

ಗುರುವಾರದ ಲೆಕ್ಕ ಇಲ್ಲೂ ಕೆಲಸ ಮಾಡುವುದಿಲ್ಲ, ಗಮನಿಸಿ. ನಮಗೆ ಯುರೋಪ್ ಇರಲಿಲ್ಲ, ಆದರೂ ಸುಸ್ತಾದೆವು.


ಕೆಜಿಎಫ್_ಫಾರ್ವರ್ಡ್

ಎಲ್ಲರೂ ಮೇಲಿನದ್ದೇ ಹೇಳುತ್ತೀರಿ. ಆ ದಿನದ ನಿಜವಾದ ಕಥೆ ಕೆಳಗೆ ನಡೆಯಿತು. ಅದನ್ನು ನಾನು ಹೇಳುತ್ತೇನೆ.

ವೂಜ್ ನಗರದ ಎಲ್‌ಕೆಎಸ್ ಮತ್ತು ಹೋಜುಫ್‌ನ ರೂಖ್ ಆಗಲೇ ಇಳಿದಾಗಿತ್ತು. ಇಳಿಯಬೇಕಾದ ಮೂರನೆಯದು ಯಾರು? ವಾರ್ತಾ ಪೋಜ್ನಾನ್. ಇದು ಪೋಜ್ನಾನ್‌ನ ಬಡ ಕ್ಲಬ್. 1929, 1947ರಲ್ಲಿ ದೇಶಕ್ಕೇ ಚಾಂಪಿಯನ್ ಆಗಿದ್ದವರು. ಆ ವರ್ಷ ಊರಿನಲ್ಲಿ ಲೀಗ್‌ಗೆ ಲಾಯಕ್ಕಾದ ಮೈದಾನವೂ ಇರಲಿಲ್ಲ. ದೂರದ ಗ್ರೊಜಿಸ್ಕ್‌ನಲ್ಲಿ ಆಡುತ್ತಿದ್ದರು. ಅದೇ ಊರಿನ ಶ್ರೀಮಂತ ಕ್ಲಬ್ ಲೆಖ್.

ಕೊನೆಯ ದಿನ ವಾರ್ತಾ ಬಿಯಾವಿಸ್ತೋಕ್‌ನಲ್ಲಿ ಸೋತಿತು. ಆದರೂ ಉಳಿಯುವ ದಾರಿ ಇತ್ತು, ಕೊರೋನಾ ಕ್ಯೆಲ್ತ್ಸೆ ಗೆಲ್ಲದಿದ್ದರೆ ಸಾಕಿತ್ತು. ಕೊರೋನಾ ಆವತ್ತು ಎಲ್ಲಿ ಆಡುತ್ತಿತ್ತು? ಪೋಜ್ನಾನ್‌ನಲ್ಲಿ, ಲೆಖ್ ವಿರುದ್ಧ! ಲೆಖ್ ತನ್ನ ಮನೆಯಲ್ಲೇ 1–2ರಲ್ಲಿ ಸೋತಿತು. ಕೊರೋನಾ 38 ಅಂಕಕ್ಕೆ ಉಳಿಯಿತು, ವಾರ್ತಾ 37ಕ್ಕೆ ಇಳಿಯಿತು. ಸ್ವಂತ ಊರಿನ ದೊಡ್ಡಣ್ಣ ಒಂದು ಡ್ರಾ ಮಾಡಿಕೊಟ್ಟಿದ್ದರೂ ತಮ್ಮ ಬದುಕುತ್ತಿದ್ದ. ಲೆಖ್ ಅಭಿಮಾನಿಗಳಿಗೆ ಆವತ್ತು ವಾರ್ತಾ ಚಿಂತೆ ಇರಲಿಲ್ಲ ಬಿಡಿ. ತಮ್ಮ ತಂಡದ ಮೇಲೇ ಕೋಪ. ಡಿಸೆಂಬರ್‌ನಲ್ಲಿ ಕೋಚ್ ಯಾನ್ ವಾನ್ ಡೆನ್ ಬ್ರೊಮ್ ಹೋದ ಮೇಲೆ ಆ ತಂಡ ದಿಕ್ಕು ತಪ್ಪಿತ್ತು.


ಅಂಕಿಸಂಕಿ

ಅವರ ಹೆಸರು ಜಾನ್ ವಾನ್ ಡೆನ್ ಬ್ರೊಮ್ ಸರ್, ಡಚ್ಚರು. ಉಳಿದದ್ದೆಲ್ಲ ಸರಿ.

ಮನೆ ಇಲ್ಲದ ತಂಡ ಅಂದರೆ ಆ ವರ್ಷ ವಾರ್ತಾ ಒಂದೇ ಅಲ್ಲ. ರೂಖ್ ಹೋಜುಫ್ 14 ಸಲ ಚಾಂಪಿಯನ್ ಆದ ಕ್ಲಬ್. ಅವರ ಹಳೇ ಮೈದಾನ ಲೀಗ್‌ಗೆ ನಡೆಯಲಿಲ್ಲ. ಶರತ್ಕಾಲದಲ್ಲಿ ಗ್ಲಿವಿತ್ಸೆಯಲ್ಲಿ ಆಡಿದರು, ವಸಂತದಲ್ಲಿ ದೊಡ್ಡ ಸಿಲೇಸಿಯಾ ಸ್ಟೇಡಿಯಂಗೆ ಹೋದರು. ಅಲ್ಲಿ ವಿಜೆಫ್ ವೂಜ್ ಜೊತೆಗಿನ ಪಂದ್ಯಕ್ಕೆ ಬಂದವರು 50 ಸಾವಿರಕ್ಕೂ ಜಾಸ್ತಿ. ಕೆಳಗಿಳಿಯುತ್ತಿರುವ ತಂಡವನ್ನು ನೋಡಲು 50 ಸಾವಿರ!

ಮನೆ ಇಲ್ಲದ ಮೂರನೆಯದು ಪುಶ್ಚಾ ನ್ಯೆಪೊವೊಮಿತ್ಸೆ. ಅವರ ಊರಿನ ಒಟ್ಟು ಜನಸಂಖ್ಯೆಯೇ 15 ಸಾವಿರದ ಆಸುಪಾಸು.


ಕಡಲತಡಿ

ಪುಶ್ಚಾ ಬಗ್ಗೆ ಇನ್ನೂ ಸ್ವಲ್ಪ ಹೇಳಿ, ಒಂದೇ ಸಾಲಿಗೆ ಮುಗಿಸಬೇಡಿ. ನನಗೆ ಯಾಗಾ ಬಿಟ್ಟರೆ ಇಷ್ಟವಾದದ್ದು ಅವರೇ.


ಅಂಕಿಸಂಕಿ

ಹೇಳುತ್ತೇನೆ. ಕ್ರಾಕುಫ್ ಪಕ್ಕದ ಚಿಕ್ಕ ಪೇಟೆ, ಪಕ್ಕದಲ್ಲಿ ದೊಡ್ಡ ಕಾಡು. ಆಗಿನ ಕೋಚ್ ತೊಮಾಶ್ ತುವಾಚ್, 2015ರಿಂದ ಅದೇ ಕುರ್ಚಿಯಲ್ಲಿದ್ದವರು. ಪೋಲೆಂಡ್‌ನಲ್ಲಿ ಕೋಚ್‌ಗಳನ್ನು ಬದಲಾಯಿಸುವ ವೇಗ ನೋಡಿದರೆ ಇದು ಪವಾಡ. 2023ರಲ್ಲಿ ಎರಡನೇ ದರ್ಜೆಯಲ್ಲಿ ಐದನೇ ಸ್ಥಾನ ಪಡೆದು ಪ್ಲೇಆಫ್‌ಗೆ ಬಂದರು. ಸೆಮಿಫೈನಲ್‌ನಲ್ಲಿ ವಿಸ್ವಾ ಕ್ರಾಕುಫ್ ಅನ್ನು 4–1ರಲ್ಲಿ ಹೊಡೆದರು. ವಿಸ್ವಾ ಅಂದರೆ 13 ಪಟ್ಟದ ದೊಡ್ಡ ಮನೆತನ. ಆಮೇಲೆ ಫೈನಲ್ ಗೆದ್ದು ಮೊದಲ ಸಲ ಮೇಲಿನ ಲೀಗ್‌ಗೆ ಬಂದರು.

ಅವರ ಮೈದಾನ ಆಗ ಈ ಲೀಗ್‌ಗೆ ಸಾಲುತ್ತಿರಲಿಲ್ಲ, ಹಾಗಾಗಿ ಕ್ರಾಕೋವಿಯಾದ ಮೈದಾನ ಬಾಡಿಗೆಗೆ. ಆಟ ಏನೂ ಚೆಂದ ಇಲ್ಲ. ಉದ್ದನೆಯ ಥ್ರೋ, ಕಾರ್ನರ್, ಫ್ರೀಕಿಕ್, ತಲೆ. ಟಚ್‌ಲೈನ್ ಹತ್ತಿರ ಥ್ರೋ ಸಿಕ್ಕಿತು ಅಂದರೆ ಟವೆಲ್‌ನಲ್ಲಿ ಚೆಂಡು ಒರೆಸಿ ಪೆನಾಲ್ಟಿ ಬಾಕ್ಸ್‌ಗೆ ಎಸೆಯುವುದು. ಎಲ್ಲರೂ ನಕ್ಕರು. ಇವರು 12ನೇ ಸ್ಥಾನ ಪಡೆದು ಉಳಿದರು. ಮನೆ ಬಾಡಿಗೆಗೆ ಕೊಟ್ಟ ಕ್ರಾಕೋವಿಯಾ ಒಂದು ಮೆಟ್ಟಿಲು ಕೆಳಗೆ, 13ರಲ್ಲಿ.


ವಾರ್ಸಾ_ವಿನುತಾ

ವಿಸ್ವಾ ಹೆಸರು ಬಂದದ್ದಕ್ಕೆ ಹೇಳುತ್ತೇನೆ. ಅದೇ ಸೀಸನ್‌ನಲ್ಲಿ ಅವರು ಎರಡನೇ ದರ್ಜೆಯಲ್ಲಿದ್ದುಕೊಂಡೇ ಪೋಲಿಷ್ ಕಪ್ ಗೆದ್ದರು! ಮೇ 2, ವಾರ್ಸಾದ ರಾಷ್ಟ್ರೀಯ ಸ್ಟೇಡಿಯಂ, ಎದುರಿಗೆ ಪೋಗೋನ್ ಶ್ಚೆಚಿನ್. ಪೋಗೋನ್ 1–0 ಮುಂದಿತ್ತು. 90 ನಿಮಿಷ ಮುಗಿದು ಹೆಚ್ಚುವರಿ ಸಮಯವೂ ಒಂಬತ್ತು ನಿಮಿಷ ಆಗಿತ್ತು. ಆಗ ವಿಸ್ವಾ ಸಮ ಮಾಡಿತು. ಮುಂದಿನ ಅರ್ಧ ಗಂಟೆಯ ಆಟ ಶುರುವಾದದ್ದೇ ಆಂಖೆಲ್ ರೊದಾದೊ ಎರಡನೆಯದನ್ನೂ ಹೊಡೆದ.

ಪೋಗೋನ್ ಕ್ಲಬ್ ಶುರುವಾದದ್ದು 1948ರಲ್ಲಿ. ಇವತ್ತಿನವರೆಗೂ ಅವರ ಕಪಾಟಿನಲ್ಲಿ ಒಂದೂ ದೊಡ್ಡ ಕಪ್ ಇಲ್ಲ. ಆವತ್ತು ಕೈಯಲ್ಲಿತ್ತು. ಕಾಮಿಲ್ ಗ್ರೊಸಿತ್ಸ್ಕಿ ಅಂಥ ಹಳೇ ಹುಲಿ ಆ ಊರಿಗೆ ಏನಾದರೂ ಗೆದ್ದು ಕೊಡಬೇಕು ಅಂತಲೇ ವಾಪಸ್ ಬಂದವನು. ಲೀಗ್‌ನಲ್ಲಿ ನಾಲ್ಕನೇ ಸ್ಥಾನ. ಕಪ್ ವಿಸ್ವಾಗೆ ಹೋದದ್ದರಿಂದ ಅವರಿಗೆ ಯುರೋಪ್ ಟಿಕೆಟ್ ಕೂಡ ಸಿಗಲಿಲ್ಲ.


ಕಿಕ್‌ಆಫ್_ಹುಬ್ಬಳ್ಳಿ

ಇಷ್ಟೆಲ್ಲ ನಡೆದ ವರ್ಷವನ್ನು ಸಪ್ಪೆ ಅಂದವರು ಬಂದು ಒಂದು ಮಾತು ಹೇಳಲಿ ನೋಡೋಣ.

ವ್ರೋತ್ಸ್ವಾಫ್ ಗೆಳೆಯರೇ, ನಿಮ್ಮ ಗಾಯಕ್ಕೆ ಉಪ್ಪು ಹಾಕುವುದಿಲ್ಲ. ಆದರೆ ನಂತರದ ವರ್ಷ ಏನಾಯಿತು ಅಂತ ಹೇಳದಿದ್ದರೆ ಹೊಸಬರಿಗೆ ಅನ್ಯಾಯ. 2024–25ರಲ್ಲಿ ಶ್ಲೋಂಸ್ಕ್ ಕೆಳಗಿಳಿಯಿತು. ಪಟ್ಟ ಒಂದು ಕೂದಲಿನಲ್ಲಿ ತಪ್ಪಿದ ತಂಡ ಮುಂದಿನ ಮೇಗೆ ಲೀಗ್‌ನಲ್ಲೇ ಇಲ್ಲ. ಎಕ್ಸ್‌ಪೋಸಿತೊ ಕತಾರ್‌ಗೆ ಹೋದ, ಬೇಸಿಗೆಯಲ್ಲಿ ಗುರುವಾರದ ಅರ್ಹತಾ ಪಂದ್ಯ, ನವೆಂಬರ್‌ನಲ್ಲಿ ಮಾಗ್ಯೆರಾ ಕೆಲಸ ಹೋಯಿತು.


ವ್ರೋತ್ಸ್ವಾಫ್_ಕನ್ನಡಿಗ

ಉಪ್ಪು ಹಾಕಲ್ಲ ಅಂತ ಹೇಳಿ ಚೀಲವನ್ನೇ ಸುರಿದಿರಿ.

ನಮ್ಮ ಯುರೋಪ್ ಮೂರನೇ ಅರ್ಹತಾ ಸುತ್ತಿನಲ್ಲಿ ಸ್ವಿಟ್ಜರ್‌ಲೆಂಡ್‌ನ ಸೇಂಟ್ ಗಾಲೆನ್ ಎದುರೇ ಮುಗಿಯಿತು. ಆಗಸ್ಟ್ ನಂತರ ನಮಗೆ ಗುರುವಾರ ಇರಲಿಲ್ಲ. ಆದರೂ ಇಳಿದೆವು. 19 ಗೋಲು ಹೊಡೆದವನನ್ನು ಬಿಟ್ಟುಕೊಟ್ಟು, ಆ ಜಾಗಕ್ಕೆ ಸರಿಯಾದವನನ್ನು ತರದಿದ್ದರೆ ಯಾವ ವಾರ ರಜೆ ಸಿಕ್ಕರೂ ಒಂದೇ. ಅದೇ ವರ್ಷ ಯಾಗಾ ನೋಡಿ. ವ್ದೋವಿಕ್, ಮಾರ್ಚುಕ್ ಇಬ್ಬರೂ ಹೋದರು. ಬೊಡೊ ಗ್ಲಿಮ್ಟ್‌ಗೆ ಸೋತರು, ಅಯಾಕ್ಸ್‌ಗೆ ಸೋತರು. ಆಮೇಲೆ ಕಾನ್ಫರೆನ್ಸ್ ಲೀಗ್‌ನಲ್ಲಿ ಕೋಪನ್‌ಹೇಗನ್ ಮನೆಯಲ್ಲೇ ಗೆದ್ದರು, ಕ್ವಾರ್ಟರ್‌ಫೈನಲ್‌ವರೆಗೆ ಹೋಗಿ ಬೆಟಿಸ್‌ಗೆ ಸೋತರು. ಪುಲುಲು ಆ ಟೂರ್ನಿಯಲ್ಲಿ 8 ಗೋಲು ಹೊಡೆದ. ಏಪ್ರಿಲ್‌ವರೆಗೂ ಗುರುವಾರ ಆಡಿದ ತಂಡ ಲೀಗ್‌ನಲ್ಲಿ ಮೂರನೆಯದು. ಎಷ್ಟು ಅಂಕಕ್ಕೆ ಅಂತ ಅಂಕಿಸಂಕಿಯವರೇ ಹೇಳಲಿ.


ಅಂಕಿಸಂಕಿ

61.


ವ್ರೋತ್ಸ್ವಾಫ್_ಕನ್ನಡಿಗ

ಕೇಳಿದಿರಾ? ಗುರುವಾರ ಇಲ್ಲದಾಗ 63, ಗುರುವಾರ ಪೂರ್ತಿ ಆಡಿ 61. ಎರಡೇ ಅಂಕ ವ್ಯತ್ಯಾಸ. ಹಾಗಾದರೆ ಅದು ಕೋಚ್, ಅದು ತಂಡ. ಕ್ಯಾಲೆಂಡರ್ ಅಲ್ಲ.


ಕಿಕ್‌ಆಫ್_ಹುಬ್ಬಳ್ಳಿ

ಯಾಗಾ ಮಟ್ಟಿಗೆ ಒಪ್ಪಿದೆ. ಆದರೆ ಆ 61 ಅಂಕ ಮೂರನೇ ಸ್ಥಾನಕ್ಕೆ ಸಾಕಾಯಿತು, ಮೊದಲನೆಯದಕ್ಕೆ ಅಲ್ಲ. ಮೊದಲ ಎರಡೂ ಜಾಗ ಗುರುವಾರ ಮಲಗಿದ್ದವರಿಗೇ ಹೋಯಿತಲ್ಲ? ಅದಕ್ಕೆ ಉತ್ತರ ಕೊಡಿ.


ಕಡಲತಡಿ

ಇವರಿಬ್ಬರ ಜಗಳ ಮುಗಿಯುವಂಥದ್ದಲ್ಲ. ಮಂಡ್ಯ ಸರ್, ನೀವು ಯಾವ ತಂಡ ಹಿಡಿಯುತ್ತೀರಿ ಅಂತ ಮೊದಲು ಹೇಳಿ.


ಹೊಸಬ_ಮಂಡ್ಯ

ಹಳದಿ-ಕೆಂಪು ಅಂದಮೇಲೆ ಯಾಗಾನೇ ಅಂದುಕೊಂಡಿದ್ದೆ. ಆದರೆ ಈಗ ನೋಡಿದೆ, ಕೊರೋನಾ ಕ್ಯೆಲ್ತ್ಸೆ ಜೆರ್ಸಿಯೂ ಹಳದಿ-ಕೆಂಪೇ! ಅವರು ಹೇಗೆ, ನೋಡಬಹುದಾ?


ಕೆಜಿಎಫ್_ಫಾರ್ವರ್ಡ್

ಬಿಪಿ ಮಾತ್ರೆ ಇದೆಯಾ ಮನೆಯಲ್ಲಿ? ಇದ್ದರೆ ಧಾರಾಳವಾಗಿ ನೋಡಿ.